ಬೀಜದೊಳಗಿನ ಬರಹ ಮತ್ತು ವರ್ತಕನ ವ್ರತ

ಜೈನ ಗೃಹಸ್ಥನ ಮನೆಯಲ್ಲಿ ಆಹಾರಶುದ್ಧಿಯ ವಿಚಾರಕ್ಕೆ ದೊರೆಯುವ ಪ್ರಾಧಾನ್ಯ ಬೇರೆ ಲೌಕಿಕ ವಿಚಾರಗಳಿಗೆ ದೊರೆಯುವುದು ಅಪರೂಪ. ನೀರನ್ನು ಸೋಸಿ ಬಳಸಬೇಕು. ಸೂರ್ಯಾಸ್ತಕ್ಕೆ ಮುನ್ನ ಭೋಜನ ಮುಗಿಯಬೇಕು. ಬೀಸಿದ ಹಿಟ್ಟನ್ನು ಮಳೆಗಾಲದಲ್ಲಿ ಮೂರು, ಬೇಸಿಗೆಯಲ್ಲಿ ಐದು, ಚಳಿಗಾಲದಲ್ಲಿ ಏಳು ದಿನಗಳ ಮರ್ಯಾದೆ ಮೀರಿ ಇಡಬಾರದು. ಹೀಗೆ ಧಾನ್ಯವು ಮನೆಯ ಹೊಸಿಲು ದಾಟಿದ ಮೇಲೆ ಅದರ ಬಗೆಗೆ ಕೇಳಬೇಕಾದ ಪ್ರಶ್ನೆಗಳನ್ನೆಲ್ಲ ಹಿರಿಯರು ಕೇಳಿಟ್ಟಿದ್ದಾರೆ. ಆದರೆ ಆ ಧಾನ್ಯ ಯಾವ ಬೀಜದಿಂದ ಬಂದಿತು, ಆ ಬೀಜವನ್ನು ಯಾರು ಹೇಗೆ ರೂಪಿಸಿದರು, ಅದನ್ನು ಬಿತ್ತಿದವನಿಗೆ ಮುಂದಿನ ವರ್ಷ ಅದರ ಮೇಲೆ ಹಕ್ಕು ಉಳಿದಿದೆಯೇ ಎಂಬ ಪ್ರಶ್ನೆಗಳು ಹೊಸಿಲಿನ ಆಚೆಯೇ ಉಳಿದುಬಿಟ್ಟಿವೆ. ಹಿಂದಿನ ಕಾಲದಲ್ಲಿ ಅವನ್ನು ಕೇಳುವ ಅಗತ್ಯವೂ ಅಷ್ಟಾಗಿ ಇರಲಿಲ್ಲ. ಬೀಜ ಮನೆಯ ವಾಡೆಯಿಂದ ಹೊಲಕ್ಕೆ ಹೋಗುತ್ತಿತ್ತು, ಕಣದಿಂದ ವಾಡೆಗೆ ಮರಳುತ್ತಿತ್ತು. ಈಗ ಆ ದಾರಿಯ ನಡುವೆ ಪ್ರಯೋಗಶಾಲೆ, ಬೀಜದ ನಿಗಮ, ಕಂಪನಿ, ಕಾಯಿದೆ, ಅಂಗಡಿ ಇಷ್ಟೂ ಬಂದು ನಿಂತಿವೆ. ಅಂಗಡಿಯ ಗಲ್ಲದ ಹಿಂದೆ ಕುಳಿತವನು ಎಷ್ಟೋ ಕಡೆ ಶ್ರಾವಕನೇ ಆಗಿರುವುದರಿಂದ ಈ ವಿಚಾರ ವಿಜ್ಞಾನಿಗಳಿಗೆ ಮಾತ್ರ ಸೇರಿದ್ದೆಂದು ಬಿಟ್ಟುಬಿಡುವಂತಿಲ್ಲ.

ಕಪಿಲಾ ತೀರದ ಹುಲ್ಲಹಳ್ಳಿಯನ್ನು ದೃಷ್ಟಾಂತಕ್ಕೆ ತೆಗೆದುಕೊಳ್ಳಬಹುದು. ನಂಜನಗೂಡು ತಾಲ್ಲೂಕಿನ ಈ ಊರಿನ ಹಳೆಯ ಅಣೆಕಟ್ಟೆಯಿಂದ ಹೊರಡುವ ನಾಲೆಗೆ ಊರಿನ ಹೆಸರೇ ಇದೆ. ನಾಲೆ ಹರಿಯುವ ತಗ್ಗಿನಲ್ಲಿ ಬತ್ತದ ಗದ್ದೆ. ನಾಲೆ ಹತ್ತದ ಏರುನೆಲದಲ್ಲಿ ರಾಗಿ, ಜೋಳ, ಅವರೆ, ಹುರುಳಿ. ಮೇಲ್ಗಡೆ ಬೀಚನಹಳ್ಳಿಯಲ್ಲಿ 1974ರಲ್ಲಿ ಕಬಿನಿ ಜಲಾಶಯ ಪೂರ್ಣಗೊಂಡ ಮೇಲೆ ತಿ. ನರಸೀಪುರದ ಸಂಗಮದವರೆಗಿನ ಈ ಸೀಮೆಯಲ್ಲಿ ನೀರಾವರಿ ಹಬ್ಬಿದ್ದು ನಿಜ. ಆದರೂ ಮುಗಿಲು ನೋಡಿ ಬಿತ್ತುವ ಹೊಲ ಇಲ್ಲದಂತಾಗಿಲ್ಲ. ಊರಿನ ಹೆಸರಿನ ವ್ಯುತ್ಪತ್ತಿ ಏನೇ ಇರಲಿ, ಅದರಲ್ಲಿ ಹುಲ್ಲು ಇರುವುದು ಈ ಲೇಖನದ ವಿಷಯಕ್ಕೆ ಒಪ್ಪುವಂತಿದೆ. ಬತ್ತ, ರಾಗಿ, ಜೋಳ, ಗೋಧಿ, ಕೊನೆಗೆ ಕಬ್ಬು ಮತ್ತು ಬಿದಿರು ಕೂಡ ಸಸ್ಯಶಾಸ್ತ್ರದ ಪ್ರಕಾರ ಹುಲ್ಲಿನ ಕುಲದವೇ. ಮನುಕುಲದ ಅನ್ನವೆಲ್ಲ ಬಹುಮಟ್ಟಿಗೆ ಪಳಗಿಸಿದ ಹುಲ್ಲು.

ಜೀನೋಮ್ ಎಂಬ ಮಾತು ಈಗ ದಿನಪತ್ರಿಕೆಗಳಲ್ಲಿಯೂ ಕಾಣುತ್ತದೆ. ಒಂದು ಜೀವಿಯ ಶರೀರ ಹೇಗೆ ಬೆಳೆಯಬೇಕು ಎಂಬುದನ್ನು ನಿರ್ದೇಶಿಸುವ ವಂಶವಾಹಿಗಳ ಸಮಗ್ರ ಬರಹವೇ ಜೀನೋಮ್. ಪ್ರತಿಯೊಂದು ಜೀವಕೋಶದಲ್ಲಿಯೂ ಆ ಬರಹದ ಪ್ರತಿ ಇರುತ್ತದೆ. ಅದರ ಲಿಪಿಯಲ್ಲಿ ನಾಲ್ಕೇ ಅಕ್ಷರಗಳು. ಬತ್ತದ ಬರಹ ಸುಮಾರು 39 ಕೋಟಿ ಅಕ್ಷರಗಳಷ್ಟು ಉದ್ದ; ರಾಗಿಯದು ಸುಮಾರು 145 ಕೋಟಿ; ಗೋಧಿಯದು ಸುಮಾರು 1,600 ಕೋಟಿ. ಮನುಷ್ಯನದು 300 ಕೋಟಿಯ ಆಸುಪಾಸು. ಏಕೇಂದ್ರಿಯವಾದ ಗೋಧಿಯ ಗಿಡ ಪಂಚೇಂದ್ರಿಯನಾದ ಮನುಷ್ಯನಿಗಿಂತ ಐದು ಪಟ್ಟು ದೊಡ್ಡ ಬರಹವನ್ನು ಹೊತ್ತುಕೊಂಡಿದೆ! ಬರಹದ ಉದ್ದಕ್ಕೂ ಇಂದ್ರಿಯಗಳ ಸಂಖ್ಯೆಗೂ ಸಂಬಂಧವಿಲ್ಲ ಎಂಬುದನ್ನು ಈ ಅಂಕಿಗಳು ಸ್ಪಷ್ಟಪಡಿಸುತ್ತವೆ. ಜೀನೋಮ್ ಎಂದರೆ ನಾಮಕರ್ಮದ ಕಡತವೇ ಸರಿ ಎಂದು ಉತ್ಸಾಹದಿಂದ ಬರೆಯುವವರಿದ್ದಾರೆ. ಆ ಉತ್ಸಾಹ ಅಷ್ಟು ಹಿತವಾದುದಲ್ಲ. ವಿಜ್ಞಾನ ಹೇಳುವುದು ಪುದ್ಗಲದ ಒಂದು ವ್ಯವಸ್ಥೆಯನ್ನು. ಶಾಸ್ತ್ರವನ್ನು ಅದಕ್ಕೆ ಹೊಂದಿಸಿಬಿಟ್ಟರೆ ನಾಳೆ ವಿಜ್ಞಾನ ತನ್ನ ಮಾತನ್ನು ತಿದ್ದಿಕೊಂಡಾಗ ಶಾಸ್ತ್ರವನ್ನೂ ತಿದ್ದಬೇಕಾಗಿ ಬರುತ್ತದೆ.

ಬೀಜವನ್ನು ಉತ್ತಮಪಡಿಸುವ ಕೆಲಸ ಜೀನೋಮಿನಿಂದ ಆರಂಭವಾದುದೇನೂ ಅಲ್ಲ. ಮೈಸೂರು ಸಂಸ್ಥಾನದಲ್ಲಿ ಕೃಷಿ ಇಲಾಖೆಯನ್ನು ಕಟ್ಟಿದ ಕೆನಡಾದ ಲೆಸ್ಲಿ ಕೋಲ್ಮನ್ ಅವರ ಕಾಲದಲ್ಲಿಯೇ ಹೆಬ್ಬಾಳದಲ್ಲಿ ರಾಗಿಯ ತಳಿಗಳ ಆಯ್ಕೆ ನಡೆದಿತ್ತು. 1918ರಲ್ಲಿ ಎಚ್-22 ಎಂಬ ತಳಿ ಅಲ್ಲಿಂದ ಹೊರಬಂದಿತು. ರೈತರ ಹೊಲಗಳಲ್ಲಿ ಚೆನ್ನಾಗಿ ಬಂದ ತೆನೆಗಳನ್ನು ಆರಿಸಿ, ಬೇರೆಬೇರೆಯಾಗಿ ಬಿತ್ತಿ, ಶುದ್ಧವಾದ ಸಾಲನ್ನು ಉಳಿಸಿಕೊಳ್ಳುವ ಕ್ರಮ ಅದು. ಎರಡು ತಳಿಗಳನ್ನು ಕೂಡಿಸಿ ಮೂರನೆಯದನ್ನು ಪಡೆಯುವುದು ಮಾತ್ರ ರಾಗಿಯಲ್ಲಿ ಬಹಳ ಕಷ್ಟ. ರಾಗಿಯ ಹೂವು ಸಾಸಿವೆಯಷ್ಟೂ ಇರುವುದಿಲ್ಲ. ಬೆಳಗಿನ ಜಾವಕ್ಕೇ ಅರಳಿ, ತನ್ನ ಪರಾಗವನ್ನು ತಾನೇ ಸ್ವೀಕರಿಸಿ ಮುಗಿಸುತ್ತದೆ. ಅದಕ್ಕಾಗಿ ತಳಿತಜ್ಞರು ಎರಡು ತೆನೆಗಳನ್ನು ಒತ್ತಾಗಿ ಸೇರಿಸಿ, ಒಂದೇ ಚೀಲ ತೊಡಿಸಿ ಕಾಯುತ್ತಿದ್ದರು. ತಾಯಿಗಿಡ ಹಸಿರು ಬಣ್ಣದ್ದು, ತಂದೆಗಿಡ ನೇರಳೆ ಛಾಯೆಯದು. ಆ ತಾಯಿಯ ಬೀಜ ಬಿತ್ತಿದಾಗ ಸಾವಿರಾರು ಹಸಿರು ಸಸಿಗಳ ನಡುವೆ ಎಲ್ಲೋ ಒಂದೆರಡು ಗೆಣ್ಣಿನಲ್ಲಿ ನೇರಳೆಯಾಗಿ ಕಂಡರೆ ಸಂಕರಣ ಫಲಿಸಿತೆಂದು ಅರ್ಥ.

ಈ ತಾಳ್ಮೆಯ ವಿದ್ಯೆಯಲ್ಲಿ ಆಯುಷ್ಯ ಕಳೆದವರು ಸಿ. ಎಚ್. ಲಕ್ಷ್ಮಣಯ್ಯ (1921–1993). ಮೈಸೂರಿನ ಸಮೀಪದ ಹಾರೋಹಳ್ಳಿಯಲ್ಲಿ ಹುಟ್ಟಿ, ಮಂಡ್ಯದ ವಿಶ್ವೇಶ್ವರಯ್ಯ ನಾಲಾ ಕ್ಷೇತ್ರದಲ್ಲಿ ದುಡಿದ ಇವರನ್ನು ನಾಡು ‘ರಾಗಿ ಲಕ್ಷ್ಮಣಯ್ಯ’ ಎಂದೇ ಕರೆಯಿತು. ಅರುಣ, ಉದಯ, ಪೂರ್ಣ, ಅನ್ನಪೂರ್ಣ, ಕಾವೇರಿ, ಶಕ್ತಿ ಇವು ಅವರ ಮೊದಲ ತಳಿಗಳು. ಆಮೇಲೆ ಅವರು ಭಾರತದ ರಾಗಿಯನ್ನು ಆಫ್ರಿಕಾದ ರಾಗಿಯೊಡನೆ ಕೂಡಿಸಿದರು. ರಾಗಿಯ ತವರು ಆಫ್ರಿಕಾವೇ. ಸಾವಿರಾರು ವರ್ಷಗಳ ಹಿಂದೆ ಭಾರತಕ್ಕೆ ಬಂದ ಬೆಳೆಯನ್ನು ಅದರ ತವರಿನ ಬಂಧುವಿನೊಡನೆ ಮತ್ತೆ ಸೇರಿಸಿದಂತಾಯಿತು. ಇಂಡಿಯಾ ಮತ್ತು ಆಫ್ರಿಕಾ ಎಂಬ ಎರಡು ಹೆಸರುಗಳನ್ನು ಸೇರಿಸಿ ‘ಇಂಡಾಫ್’ ಎಂದು ಹೆಸರಿಟ್ಟರು. ಇಂಡಾಫ್ ತಳಿಗಳು ಕರ್ನಾಟಕದ ಮಳೆಯಾಶ್ರಿತ ಹೊಲಗಳ ಇಳುವರಿಯನ್ನು ಎತ್ತರಿಸಿದ ಸಂಗತಿ ಕೃಷಿಕರ ಮನೆಗಳಲ್ಲಿ ಇಂದಿಗೂ ಮಾತಿಗೆ ಬರುತ್ತದೆ.

ಇಲ್ಲಿ ಗಮನಿಸಬೇಕಾದ ವಿಶೇಷ ಒಂದಿದೆ. ಇಂಡಾಫ್ ಬೀಜವನ್ನು ಒಮ್ಮೆ ಪಡೆದ ರೈತ ಮತ್ತೆ ಯಾರ ಬಾಗಿಲಿಗೂ ಹೋಗಬೇಕಾಗಿರಲಿಲ್ಲ. ರಾಗಿ ಸ್ವಪರಾಗಸ್ಪರ್ಶದ ಬೆಳೆಯಾದುದರಿಂದ ತಳಿ ಬೇಗ ಕೆಡುವುದಿಲ್ಲ. ಒಳ್ಳೆಯ ತೆನೆ ಆರಿಸಿ ಇಟ್ಟರೆ ಮುಂದಿನ ವರ್ಷದ ಬೀಜ ಸಿದ್ಧ. ನೆರೆಯವನು ಕೇಳಿದರೆ ಒಂದು ಸೇರು ಅಳೆದು ಕೊಡಬಹುದು. ಅವನು ಕಣ ಮಾಡಿದ ಮೇಲೆ ಒಂದೂವರೆ ಸೇರು ಹಿಂದಿರುಗಿಸುತ್ತಾನೆ. ಲಕ್ಷ್ಮಣಯ್ಯನವರ ತಳಿಗಳು ಊರಿಂದೂರಿಗೆ ಹಬ್ಬಿದುದರಲ್ಲಿ ಸರ್ಕಾರದ ಪಾತ್ರ ಎಷ್ಟೋ ಈ ಕೈಬದಲಿನ ಪಾತ್ರವೂ ಅಷ್ಟೇ ಇದ್ದೀತು. ಸಾರ್ವಜನಿಕ ಹಣದಿಂದ ಹುಟ್ಟಿದ ವಿದ್ಯೆ ಸಾರ್ವಜನಿಕರ ವಾಡೆಯಲ್ಲಿಯೇ ಉಳಿಯಿತು.

ಜೀನೋಮ್ ಸಂಶೋಧನೆ ಈ ಪರಂಪರೆಗೆ ಏನನ್ನು ಸೇರಿಸಿತು? 2017ರಲ್ಲಿ ಬೆಂಗಳೂರು ಕೃಷಿ ವಿಶ್ವವಿದ್ಯಾನಿಲಯದ ಶೈಲಜಾ ಹಿತ್ತಲಮನಿ ಅವರ ನೇತೃತ್ವದ ತಂಡ ಎಂಎಲ್-365 ಎಂಬ ರಾಗಿ ತಳಿಯ ಜೀನೋಮನ್ನು ಓದಿ ಪ್ರಕಟಿಸಿತು. ಅಂದಾಜು 145 ಕೋಟಿ ಅಕ್ಷರಗಳಲ್ಲಿ ಸುಮಾರು 120 ಕೋಟಿಯನ್ನು ಜೋಡಿಸಿ, 85,243 ವಂಶವಾಹಿಗಳನ್ನು ಗುರುತಿಸಿತು. ಮರುವರ್ಷವೇ, 2018ರಲ್ಲಿ, ಪಿಆರ್-202 ಎಂಬ ಇನ್ನೊಂದು ತಳಿಯನ್ನು ಓದಿದ ತಂಡ ಎಣಿಸಿದ್ದು 62,348 ವಂಶವಾಹಿಗಳನ್ನು. ಎರಡು ಎಣಿಕೆಗಳ ನಡುವಿನ ಅಂತರ ಸುಮಾರು 23,000! ಲೆಕ್ಕಪತ್ರ ಬಲ್ಲ ವರ್ತಕನಿಗೆ ಇದು ತಾಳೆಯಾಗದ ತಾಳೆಪಟ್ಟಿಯಂತೆ ಕಂಡೀತು. ವಾಸ್ತವವಾಗಿ ಇಬ್ಬರೂ ಸುಳ್ಳು ಲೆಕ್ಕ ಬರೆದಿಲ್ಲ. ಹರಿದ ಪುಟಗಳಿಂದ ಪುಸ್ತಕ ಜೋಡಿಸುವ ವಿಧಾನ ಬೇರೆಯಾದಾಗ, ಯಾವುದನ್ನು ವಂಶವಾಹಿ ಎಂದು ಎಣಿಸಬೇಕೆಂಬ ನಿಯಮ ಬೇರೆಯಾದಾಗ ಮೊತ್ತವೂ ಬೇರೆಯಾಗುತ್ತದೆ. ರಾಗಿಯ ಪುಸ್ತಕವಂತೂ ಜೋಡಿಸಲು ಕಠಿಣವಾದುದು. ಅದರ 36 ವರ್ಣತಂತುಗಳು ಎರಡು ಬೇರೆ ಬೇರೆ ಪೂರ್ವಜ ಹುಲ್ಲುಗಳಿಂದ ಬಂದವು. ಒಂದರ ಬಂಧು ಇಂದಿಗೂ ಬದುಗಳ ಮೇಲೆ ಕಳೆಯಾಗಿ ಬೆಳೆಯುತ್ತಿದೆ. ಇನ್ನೊಂದು ಯಾವುದೆಂದು ಗೊತ್ತುಮಾಡಲು ವಿಜ್ಞಾನಿಗಳಿಗೆ ಆಗಿಲ್ಲ. ಹೆಚ್ಚುಕಡಮೆ ಒಂದೇ ಬಗೆಯ ಎರಡು ಕೀರ್ದಿಗಳ ಹಾಳೆಗಳು ಬೆರೆತುಹೋದರೆ ಬೇರ್ಪಡಿಸುವ ಗುಮಾಸ್ತನ ಪಾಡೇನು? ಅದೇ ಪಾಡು ಇಲ್ಲಿ.

ಈ ಓದಿನಿಂದ ರೈತನಿಗಾಗುವ ಪ್ರಯೋಜನವೂ ಲೆಡ್ಜರಿನ ಹೋಲಿಕೆಯಿಂದಲೇ ಸ್ಪಷ್ಟವಾಗುತ್ತದೆ. ಖಾತೆ ಎಲ್ಲಿದೆ ಎಂದು ತಿಳಿಯಲು ಲೆಡ್ಜರಿನ ಪುಟಗಳನ್ನೆಲ್ಲ ಮಗುಚಬೇಕಾಗಿಲ್ಲ, ಫೋಲಿಯೊ ಸಂಖ್ಯೆ ಇದ್ದರೆ ಸಾಕು. ರೋಗ ತಡೆಯುವ ಅಥವಾ ಬರ ಸಹಿಸುವ ಗುಣದ ಪಕ್ಕದಲ್ಲಿ ಬರಹದೊಳಗೆ ಇರುವ ಒಂದು ಗುರುತನ್ನು ಹಿಡಿದರೆ, ಸಸಿ ಚಿಕ್ಕದಿರುವಾಗಲೇ ಅದರ ಎಲೆಯ ಚೂರಿನಿಂದ ಗುಣವುಂಟೋ ಇಲ್ಲವೋ ತಿಳಿಯುತ್ತದೆ. ಬೆಂಕಿರೋಗ ಬರಲಿ ಎಂದೋ ಮಳೆ ಕೈಕೊಡಲಿ ಎಂದೋ ವರ್ಷಗಟ್ಟಲೆ ಕಾಯಬೇಕಾಗಿಲ್ಲ. ಬೆಂಗಳೂರು ಕೃಷಿ ವಿಶ್ವವಿದ್ಯಾನಿಲಯದಿಂದಲೇ ಬಂದ ‘ಮಾಸ್ 946-1’ ಎಂಬ ಬತ್ತ ಹೀಗೆ ಗುರುತು ಹಿಡಿದು ಆರಿಸಿದ ತಳಿ. ಹೆಸರಿನ ‘ಮಾಸ್’ ಎಂಬುದು ಆ ವಿಧಾನದ ಇಂಗ್ಲಿಷ್ ಹೆಸರಿನ ಮೊದಲ ಅಕ್ಷರಗಳೇ. ಕೆಸರು ಕಲಸದೆ, ಗದ್ದೆಯಲ್ಲಿ ನೀರು ನಿಲ್ಲಿಸದೆ, ರಾಗಿಯಂತೆ ನೇರವಾಗಿ ಬಿತ್ತಿ ಬೆಳೆಯಲೆಂದು ಇದನ್ನು ರೂಪಿಸಿದರು. ಐಆರ್-64 ಎಂಬ ಪ್ರಸಿದ್ಧ ತಳಿಯನ್ನು ಫಿಲಿಪ್ಪೀನ್ಸಿನ ಒಣಭೂಮಿಯ ಅಜುಸೆನಾ ಎಂಬ ಆಳಬೇರಿನ ಬತ್ತದೊಡನೆ ಕೂಡಿಸಿ ಇದನ್ನು ಪಡೆದುದು. ಇದರಲ್ಲಿ ಬೇರೆ ಕುಲದ ವಂಶವಾಹಿ ಸೇರಿಲ್ಲ. ಬತ್ತಕ್ಕೆ ಬತ್ತವೇ ಬಂಧು. ಬರಹವನ್ನು ಓದಿದರು, ತಿದ್ದಲಿಲ್ಲ. ನಾಲೆಯ ನೀರಿಗಾಗಿ ತಲೆಯಂಚಿನವನಿಗೂ ಕೊನೆಯಂಚಿನವನಿಗೂ ಮನಸ್ತಾಪ ಬೆಳೆಯುವ ಸೀಮೆಯಲ್ಲಿ, 2023ರಂಥ ಬರಗಾಲದ ವರ್ಷದಲ್ಲಿ, ಇಂಥ ಓದಿಗೆ ಬೆಲೆ ಕಟ್ಟುವುದು ಸುಲಭವಲ್ಲ.

ಆದರೂ ಶ್ರದ್ಧಾವಂತರಲ್ಲಿ ಒಂದು ಅಳುಕು ಇದ್ದೇ ಇದೆ. ಮೊಳೆಯಬಲ್ಲ ಬೀಜ ಯೋನಿಭೂತವಾದುದು. ಅದರ ಒಳಗನ್ನು ಹೀಗೆ ಶೋಧಿಸುವುದು, ಬದಲಿಸುವುದು ವನಸ್ಪತಿಕಾಯ ಜೀವಗಳಿಗೆ ಮಾಡುವ ಅಪಚಾರವಲ್ಲವೇ? ಪ್ರಶ್ನೆ ಯೋಗ್ಯವಾದುದೇ. ಆದರೆ ಉತ್ತರ ಹುಡುಕುವಾಗ ಆದಿದೇವನನ್ನು ಮರೆಯಬಾರದು. ಕಲ್ಪವೃಕ್ಷಗಳು ಬರಿದಾದಾಗ ಕಂಗೆಟ್ಟ ಪ್ರಜೆಗಳಿಗೆ ಅಸಿ, ಮಸಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪಗಳೆಂಬ ಆರು ಕರ್ಮಗಳನ್ನು ಕಲಿಸಿದವನು ವೃಷಭನಾಥನೆಂದು ಜಿನಸೇನಾಚಾರ್ಯರ ಆದಿಪುರಾಣ ತಿಳಿಸುತ್ತದೆ. ಕೃಷಿಯಲ್ಲಿ ಹಿಂಸೆಯಿಲ್ಲವೆಂದು ಯಾರೂ ಹೇಳಿಲ್ಲ. ಅದನ್ನು ಉದ್ಯೋಗಿ ಹಿಂಸೆಯೆಂದು ಹೆಸರಿಸಿ, ಗೃಹಸ್ಥನಿಗೆ ಅನಿವಾರ್ಯವಾದುದನ್ನು ಆದಷ್ಟು ಕಡಮೆ ಮಾಡಿಕೊಳ್ಳಬೇಕೆಂದು ವಿಧಿಸಿದ್ದಾರೆ. ಹಾಗಾದರೆ ಕೇಳಬೇಕಾದುದು, ಹೊಸ ತಳಿಯಿಂದ ಹೊಲದಲ್ಲಿ ಹಿಂಸೆ ಹೆಚ್ಚಿತೋ ಇಳಿಯಿತೋ ಎಂದು.

ಜಿಪಿಯು-28 ಎಂಬ ರಾಗಿಯ ಉದಾಹರಣೆ ಇದಕ್ಕೆ ಒಪ್ಪುತ್ತದೆ. ಇಂಡಾಫ್-5, ಇಂಡಾಫ್-9 ಮತ್ತು ಆಫ್ರಿಕಾ ಮೂಲದ ಐಇ-1012 ಎಂಬ ರೋಗನಿರೋಧಕ ರಾಗಿ, ಈ ಮೂವರ ಸಂತತಿ ಅದು; 1990ರ ದಶಕದ ಕೊನೆಗೆ ಬೆಂಗಳೂರಿನ ಗಾಂಧಿ ಕೃಷಿ ವಿಜ್ಞಾನ ಕೇಂದ್ರದಿಂದ ಬಿಡುಗಡೆಯಾಯಿತು. ಬೆಂಕಿರೋಗ ತೆನೆಯ ಕತ್ತಿಗೆ ಬಡಿದರೆ ಕಾಳು ಕಟ್ಟದೆ ತೆನೆ ಸುಟ್ಟಂತಾಗುತ್ತದೆ. ಈ ರೋಗವನ್ನು ತಡೆಯುವ ಶಕ್ತಿ ಗಿಡಕ್ಕೇ ಇದ್ದರೆ ಔಷಧಿ ಸಿಂಪಡಿಸುವ ಪ್ರಮೇಯ ಬರುವುದಿಲ್ಲ. ಔಷಧಿ ರೋಗವನ್ನಷ್ಟೇ ಹುಡುಕಿಕೊಂಡು ಹೋಗುವುದಿಲ್ಲ. ಮಣ್ಣಿನ, ನೀರಿನ, ಗಾಳಿಯ ಎಷ್ಟೋ ಜೀವಗಳಿಗೆ ತಗಲುತ್ತದೆ. ಹೀಗಿರುವಾಗ ರೋಗನಿರೋಧಕ ತಳಿಯನ್ನು ಅಹಿಂಸೆಯ ಪಕ್ಷಕ್ಕೆ ಸೇರಿಸುವುದೇ ನ್ಯಾಯ. 2002ರಲ್ಲಿ ಭಾರತದಲ್ಲಿ ಅನುಮತಿ ಪಡೆದ ಕುಲಾಂತರಿ ಬಿಟಿ ಹತ್ತಿಯ ಲೆಕ್ಕ ಇಷ್ಟು ಸರಳವಲ್ಲ. ಅಲ್ಲಿ ಗಿಡವೇ ಹುಳುವಿಗೆ ವಿಷ. ಸಿಂಪಡಣೆ ಇಳಿದರೆ ಉಳಿಯುವ ಜೀವಗಳು ಒಂದು ಕಡೆ. ಕೊಲ್ಲಲೆಂದೇ ರಚಿಸಿದ ಗಿಡವೆಂಬ ಸಂಕಲ್ಪದ ದೋಷ ಇನ್ನೊಂದು ಕಡೆ. ಪ್ರಾಜ್ಞರಲ್ಲಿ ಈ ಬಗ್ಗೆ ಭಿನ್ನಾಭಿಪ್ರಾಯ ಇರುವುದು ಸಹಜ. ಧಾನ್ಯದ ಬೆಳೆಗಳಿಗಂತೂ ಭಾರತದಲ್ಲಿ ಕುಲಾಂತರಿಗೆ ಕೃಷಿಯ ಅನುಮತಿ ದೊರೆತಿಲ್ಲ.

ರಾಗಿಯ ಪಕ್ಷಕ್ಕೆ ಮತ್ತೂ ಒಂದು ಮಾತಿದೆ. ಹಗೇವಿನಲ್ಲಿ ವರ್ಷಗಟ್ಟಲೆ ಇಟ್ಟರೂ ರಾಗಿಗೆ ಹುಳು ಹಿಡಿಯುವುದು ವಿರಳ. ಕನಕದಾಸರ ರಾಮಧಾನ್ಯಚರಿತೆಯಲ್ಲಿ ಆರು ತಿಂಗಳ ಸೆರೆಯ ಬಳಿಕ ಗೆದ್ದದ್ದು ಬತ್ತವಲ್ಲ, ರಾಗಿಯೇ. ಅಕ್ಕಿ, ಜೋಳಗಳನ್ನು ದಾಸ್ತಾನು ಮಾಡಿದ ವರ್ತಕ ಹುಳುವಿನೊಡನೆ ಹೋರಾಡಬೇಕು, ಅಂದರೆ ತ್ರಸಜೀವಗಳ ಹಿಂಸೆಗೆ ಈಡಾಗಬೇಕು. 100 ಗ್ರಾಂ ರಾಗಿಯಲ್ಲಿ ಸುಮಾರು 350 ಮಿಲಿಗ್ರಾಂ ಸುಣ್ಣದಂಶವಿದೆಯೆಂದು ಈಗ ಎಲ್ಲರೂ ಕೊಂಡಾಡುತ್ತಾರೆ. 2023ನ್ನು ವಿಶ್ವಸಂಸ್ಥೆ ಸಿರಿಧಾನ್ಯಗಳ ವರ್ಷವೆಂದು ಘೋಷಿಸಿದ್ದೂ ಆಯಿತು. ಹುಳು ಹಿಡಿಯದ ಗುಣವನ್ನು ಯಾರೂ ಅಷ್ಟಾಗಿ ಹೊಗಳಲಿಲ್ಲ. ತಳಿಯ ಪ್ರಚಾರಪತ್ರಗಳಲ್ಲಿ ಇಳುವರಿ ದಪ್ಪಕ್ಷರದಲ್ಲಿರುತ್ತದೆ, ದಾಸ್ತಾನಿನ ಬಾಳಿಕೆಯ ಮಾತೇ ಇರುವುದಿಲ್ಲ. ಜೈನ ವಿದ್ಯಾಸಂಸ್ಥೆಗಳು ಸಂಶೋಧನೆಗೆ ಸಹಾಯಧನ ನೀಡುವ ಮನಸ್ಸು ಮಾಡಿದರೆ ಇದಕ್ಕಿಂತ ಯೋಗ್ಯವಾದ ವಿಷಯ ಸಿಗಲಾರದು.

ಹಿಂಸೆಯ ಪ್ರಶ್ನೆಗಿಂತ ಕ್ಲಿಷ್ಟವಾದುದು ಒಡೆತನದ ಪ್ರಶ್ನೆ. ಬತ್ತದ ಜೀನೋಮಿನ ಕಥೆ ಇದಕ್ಕೆ ಕನ್ನಡಿ. ಜಪಾನಿನ ನೇತೃತ್ವದಲ್ಲಿ ಹಲವು ದೇಶಗಳು ವರ್ಣತಂತುಗಳನ್ನು ಹಂಚಿಕೊಂಡು ಓದಲು ಹೊರಟವು. ಭಾರತ 11ನೆಯ ವರ್ಣತಂತುವಿನ ಒಂದು ಭಾಗವನ್ನು ಓದಿತು. ಓದಿದ್ದನ್ನೆಲ್ಲ ಎಲ್ಲರಿಗೂ ತೆರೆದಿಡುವುದು ಆ ಒಕ್ಕೂಟದ ನಿಯಮ. 2005ರಲ್ಲಿ ಪೂರ್ಣ ಬರಹ ಪ್ರಕಟವಾಯಿತು. ಈ ನಡುವೆ 2002ರಲ್ಲಿ ಸಿಂಜೆಂಟಾ ಎಂಬ ಕಂಪನಿ ತಾನು ಓದಿದ ಕರಡನ್ನು ವಿಜ್ಞಾನಪತ್ರಿಕೆಯಲ್ಲಿ ಪ್ರಕಟಿಸಿಯೂ ಮೂಲ ಅಕ್ಷರಗಳನ್ನು ಸಾರ್ವಜನಿಕ ಭಂಡಾರಕ್ಕೆ ಒಪ್ಪಿಸದೆ, ಷರತ್ತುಗಳಿಗೆ ಒಳಪಟ್ಟು ನೋಡಬಹುದೆಂದಿತು. ವಿಜ್ಞಾನಿಗಳೇ ಅದನ್ನು ಆಕ್ಷೇಪಿಸಿದರು. ಸಾವಿರಾರು ವರ್ಷ ಏಷ್ಯದ ರೈತರು ಆರಿಸಿ ಉಳಿಸಿಕೊಟ್ಟ ಬತ್ತದ ಬರಹವನ್ನು ಓದಿದ ಮಾತ್ರಕ್ಕೆ ಅದರ ಮೇಲೆ ಬೀಗ ಹಾಕುವುದು ಪರಿಗ್ರಹವಲ್ಲದೆ ಮತ್ತೇನು? ಕೊನೆಗೆ ಆ ಕಂಪನಿಯೂ ತನ್ನ ಮಾಹಿತಿಯನ್ನು ಒಕ್ಕೂಟಕ್ಕೆ ನೀಡಿತು ಎಂಬುದನ್ನೂ ಹೇಳಬೇಕು.

ಭಾರತದ ಕಾಯಿದೆ ಈ ವಿಷಯದಲ್ಲಿ ರೈತನ ಕಡೆಗಿದೆ. ಸಸ್ಯತಳಿ ಸಂರಕ್ಷಣೆ ಮತ್ತು ರೈತರ ಹಕ್ಕುಗಳ 2001ರ ಅಧಿನಿಯಮದ ಪ್ರಕಾರ, ನೋಂದಾಯಿತ ತಳಿಯೇ ಆಗಿದ್ದರೂ ರೈತ ತಾನು ಬೆಳೆದ ಬೀಜವನ್ನು ಉಳಿಸಿಕೊಳ್ಳಬಹುದು, ಮತ್ತೆ ಬಿತ್ತಬಹುದು, ಹಂಚಿಕೊಳ್ಳಬಹುದು, ಮಾರಲೂಬಹುದು. ಕಂಪನಿಯ ಮುದ್ರೆ ಹಾಕಿ ಮಾರುವಂತಿಲ್ಲ ಅಷ್ಟೆ. ಬೀಜ ಒದಗಿಸಿದವನು ಅದರಿಂದ ಎಷ್ಟು ಫಲ ನಿರೀಕ್ಷಿಸಬಹುದೆಂದು ರೈತನಿಗೆ ತಿಳಿಸಬೇಕು. ಹೇಳಿದಂತೆ ಬಾರದಿದ್ದರೆ ರೈತ ಪರಿಹಾರ ಕೇಳಬಹುದು. ಕಾಯಿದೆಯಿದ್ದರೂ 2019ರಲ್ಲಿ ಗುಜರಾತಿನ ಆಲೂಗಡ್ಡೆ ಬೆಳೆಗಾರರ ಮೇಲೆ ಪೆಪ್ಸಿಕೋ ಕಂಪನಿ ದಾವೆ ಹೂಡಿತು. ಪ್ರತಿಭಟನೆ ಎದ್ದ ಮೇಲೆ ಹಿಂತೆಗೆದುಕೊಂಡಿತು. ಆಲೂಗಡ್ಡೆ ಜೈನರ ಅಡುಗೆಮನೆಗೆ ಸಲ್ಲದ ವಸ್ತುವಾದರೂ ಆ ದಾವೆಯ ಪಾಠ ಎಲ್ಲ ಬೆಳೆಗಳಿಗೂ ಸಲ್ಲುತ್ತದೆ. ಹಕ್ಕು ಪುಸ್ತಕದಲ್ಲಿದ್ದರೆ ಸಾಲದು, ಬಿತ್ತುವವನಿಗೆ ಗೊತ್ತಿರಬೇಕು. ಅದನ್ನು ಅವನಿಗೆ ತಿಳಿಸಬಲ್ಲವನು ಬೀಜದಂಗಡಿಯ ವರ್ತಕ.

ಹುಲ್ಲಹಳ್ಳಿಯಂಥ ಊರಿನ ಅಂಗಡಿಗೆ ಒಬ್ಬ ರೈತ ಬತ್ತದ ಬೀಜ ಕೇಳಿ ಬಂದನೆಂದು ಇಟ್ಟುಕೊಳ್ಳಬಹುದು. ವರ್ತಕನ ಬಳಿ ಎರಡು ಬಗೆ ಇವೆ. ಒಂದು ಸಾಧಾರಣ ತಳಿ. ಇನ್ನೊಂದು ಹೈಬ್ರಿಡ್, ಮಂಡ್ಯದ ಕ್ಷೇತ್ರದಿಂದಲೇ 1996ರಲ್ಲಿ ಬಂದ ಕೆಆರ್‌ಎಚ್-2ರಂಥದ್ದು. ಹೈಬ್ರಿಡ್ ಮೊದಲ ವರ್ಷ ಇಳುವರಿ ಹೆಚ್ಚು ಕೊಡುತ್ತದೆ. ಅದರ ಕಾಳನ್ನು ಉಳಿಸಿ ಮತ್ತೆ ಬಿತ್ತಿದರೆ ಗುಣಗಳು ಒಡೆದುಹೋಗಿ ಒಂದೊಂದು ಪೈರು ಒಂದೊಂದು ಬಗೆಯಾಗುತ್ತದೆ. “ಸ್ವಾಮಿ, ಇದನ್ನ ಬರೋ ವರ್ಷಕ್ಕೆ ಮಡಿಕೊಳ್ಳಬಹುದಾ?” ಎಂದು ರೈತ ಕೇಳಿದರೆ ವರ್ತಕ ನಿಜ ಹೇಳುವನು. ಕೇಳದಿದ್ದರೆ? ಹೈಬ್ರಿಡ್ ಚೀಲದಲ್ಲಿ ಲಾಭ ಹೆಚ್ಚು, ಮುಂದಿನ ವರ್ಷ ಗಿರಾಕಿ ಮತ್ತೆ ಬರುವುದೂ ಖಂಡಿತ. ಸುಳ್ಳಾಡದೆಯೇ ಸುಮ್ಮನಿದ್ದು ಗಳಿಸುವ ಲಾಭ ಇದು. ಸತ್ಯಾಣುವ್ರತಕ್ಕೂ ಅಚೌರ್ಯಾಣುವ್ರತಕ್ಕೂ ಇಲ್ಲಿ ಒಟ್ಟಿಗೆ ಪರೀಕ್ಷೆ ನಡೆಯುತ್ತದೆ.

ಅಚೌರ್ಯಾಣುವ್ರತದ ಅತಿಚಾರಗಳನ್ನು ತತ್ತ್ವಾರ್ಥಸೂತ್ರ ಎಣಿಸುವಾಗ ಅಳತೆ ತೂಕಗಳ ಮೋಸವನ್ನೂ ಪ್ರತಿರೂಪಕ ವ್ಯವಹಾರವನ್ನೂ ಹೆಸರಿಸಿದೆ. ಒಂದನ್ನು ತೋರಿಸಿ ಅದರಂತೆಯೇ ಕಾಣುವ ಇನ್ನೊಂದನ್ನು ಕೊಡುವುದೇ ಪ್ರತಿರೂಪಕ ವ್ಯವಹಾರ. ಬೀಜದ ವ್ಯಾಪಾರಕ್ಕೆ ಇದು ಹೊಂದುವಷ್ಟು ಬೇರಾವ ವ್ಯಾಪಾರಕ್ಕೂ ಹೊಂದಲಾರದು. ಸಕ್ಕರೆಗೆ ರವೆ ಬೆರೆಸಿದರೆ ನಾಲಗೆಗೆ ಗೊತ್ತಾಗುತ್ತದೆ. ಅಂಗಡಿಯ ಜಿಪಿಯು-28ಕ್ಕೂ ಕಣದಿಂದ ತಂದು ಚೀಲಕ್ಕೆ ತುಂಬಿದ ಹೆಸರಿಲ್ಲದ ರಾಗಿಗೂ ಕಣ್ಣಿಗೆ ಯಾವ ಭೇದವೂ ಕಾಣದು. ಭೇದ ಗೊತ್ತಾಗುವುದು ತೆನೆ ಬಂದ ಮೇಲೆ, ಆ ವೇಳೆಗೆ ವರ್ಷವೇ ಕಳೆದಿರುತ್ತದೆ. ಅದಕ್ಕೇ 1966ರ ಬೀಜ ಅಧಿನಿಯಮ ಚೀಟಿಯ ವ್ಯವಸ್ಥೆ ಮಾಡಿತು. ಪ್ರಮಾಣಿತ ಬೀಜಕ್ಕೆ ನೀಲಿ ಚೀಟಿ, ಮಾರಾಟಗಾರನ ಹೊಣೆಯ ಮೇಲೆ ಮಾರುವ ಬೀಜಕ್ಕೆ ಹಸಿರು ಚೀಟಿ. ಪ್ರಮಾಣಿತ ರಾಗಿಯಲ್ಲಿ ನೂರಕ್ಕೆ ಕನಿಷ್ಠ 75 ಕಾಳು ಮೊಳೆಯಬೇಕು, ಬತ್ತದಲ್ಲಿ 80. ಜೀನೋಮ್ ಓದುವ ವಿದ್ಯೆ ಈಗ ಇದಕ್ಕೂ ನೆರವಾಗಬಲ್ಲದು. ಚೀಲದೊಳಗಿನ ಕಾಳಿನ ಗುರುತನ್ನು ನೋಡಿ ಚೀಟಿಯ ಹೆಸರು ನಿಜವೋ ಸುಳ್ಳೋ ಹೇಳಿಬಿಡಬಹುದು. ಕಳ್ಳ ವ್ಯಾಪಾರಿಗೆ ಭಯ ಹುಟ್ಟಿಸುವ ಈ ಉಪಯೋಗವನ್ನು ವಿಜ್ಞಾನಿಗಳು ಇನ್ನೂ ಹೆಚ್ಚು ಸಾರಿದ್ದರೆ ಚೆನ್ನಾಗಿತ್ತು.

ಓದುವ ಕಾಲ ದಾಟಿ ಈಗ ತಿದ್ದುವ ಕಾಲ ಬಂದಿದೆ. 2025ರ ಮೇ ತಿಂಗಳಲ್ಲಿ ಕೇಂದ್ರ ಸರ್ಕಾರ ಜೀನೋಮ್ ತಿದ್ದಿದ ಎರಡು ಬತ್ತದ ತಳಿಗಳನ್ನು ಪ್ರಕಟಿಸಿತು. ಹೈದರಾಬಾದಿನ ಸಂಸ್ಥೆ ಸಾಂಬಾ ಮಸೂರಿಯಿಂದ ರೂಪಿಸಿದ ‘ಕಮಲಾ’ ಒಂದು. ದೆಹಲಿಯ ಸಂಸ್ಥೆ ಎಂಟಿಯು-1010ರಿಂದ ರೂಪಿಸಿದ ‘ಪೂಸಾ ಡಿಎಸ್‌ಟಿ ರೈಸ್ 1’ ಇನ್ನೊಂದು. ಬೇರೆ ಜೀವಿಯ ವಂಶವಾಹಿಯನ್ನು ಉಳಿಸದೆ, ಬತ್ತದ ಬರಹದಲ್ಲಿಯೇ ನಿಶ್ಚಿತ ಸ್ಥಾನದಲ್ಲಿ ಕೆಲವು ಅಕ್ಷರಗಳನ್ನು ಬದಲಿಸುವ ಕ್ರಮವಿದು. ಕಮಲಾ ಮೂಲ ತಳಿಗಿಂತ ಸುಮಾರು 20 ದಿನ ಮೊದಲೇ ಕೊಯ್ಲಿಗೆ ಬರುವುದೆಂದೂ ಇಳುವರಿ ಹೆಚ್ಚೆಂದೂ, ಪೂಸಾ ತಳಿ ಚೌಳು ನೆಲವನ್ನು ಸಹಿಸುವುದೆಂದೂ ರೂಪಿಸಿದವರು ಹೇಳುತ್ತಾರೆ. ಆ ಅಂಕಿಗಳನ್ನು ಪ್ರಶ್ನಿಸುವವರೂ ಇದ್ದಾರೆ. ಇಂಥ ತಳಿಗಳಿಗೆ ಕುಲಾಂತರಿಗಳ ಮೇಲಿನ ಕಟ್ಟುನಿಟ್ಟಿನ ನಿಯಮಗಳಿಂದ 2022ರಲ್ಲಿಯೇ ವಿನಾಯಿತಿ ದೊರೆತಿದೆ. ಬೇರೆ ಕುಲದ ಅಂಶವಿಲ್ಲದಿದ್ದಮೇಲೆ ಅದು ಸಾಧಾರಣ ತಳಿಯಂತೆಯೇ ಎಂಬ ವಾದದಲ್ಲಿ ಹುರುಳಿಲ್ಲದಿಲ್ಲ. ಪ್ರಾಣಿಯ ಅಂಶ ಅನ್ನಕ್ಕೆ ಬೆರೆತೀತೆಂಬ ಜೈನ ಕುಟುಂಬಗಳ ಭಯಕ್ಕೂ ಇಲ್ಲಿ ಆಸ್ಪದವಿಲ್ಲ. ಆದರೆ ವಿನಾಯಿತಿ ಕೊಟ್ಟುದು ಪರೀಕ್ಷೆಗೆ. ತಿಳಿಸುವ ಹೊಣೆಗೆ ವಿನಾಯಿತಿ ಕೊಡಬೇಕೆಂದು ಅಣುವ್ರತಿಯಾದವನು ಒಪ್ಪಲಾರನು. ತಿದ್ದಿದ ತಳಿಯೆಂದು ಚೀಟಿಯಲ್ಲಿ ಬರೆಯುವುದರಿಂದ ಒಳ್ಳೆಯ ಬೀಜಕ್ಕೆ ನಷ್ಟವೇನೂ ಇಲ್ಲ.

ಬಸದಿಗಳ ಆಡಳಿತ ಮಂಡಲಿಗಳಿಗೂ ಇದರಲ್ಲಿ ಪಾತ್ರವಿದೆ. ಕೆಲವು ಕಡೆ ಜಮೀನಿದೆ, ಎಲ್ಲ ಕಡೆ ಅನ್ನದಾಸೋಹವಿದೆ. ವರ್ಷಕ್ಕೆ ಇಷ್ಟು ಮೂಟೆ ಅಕ್ಕಿ ಕೊಳ್ಳುವ ಸಂಸ್ಥೆ ಯಾವ ತಳಿಯೆಂದು ಕೇಳಿದರೆ ವರ್ತಕ ಗಿರಣಿಯವನನ್ನು ಕೇಳುತ್ತಾನೆ, ಗಿರಣಿಯವನು ರೈತನನ್ನು ಕೇಳುತ್ತಾನೆ. ಜಮೀನಿರುವವರು ಅದರ ಒಂದು ಮೂಲೆಯಲ್ಲಿ ರಾಜಮುಡಿಯನ್ನೋ ರತ್ನಚೂಡಿಯನ್ನೋ ಹಳೆಯ ರಾಗಿಯೊಂದನ್ನೋ ಬೆಳೆದು ಬೀಜವಾಗಿ ಹಂಚಬಹುದು. ಮಂಡ್ಯ ಜಿಲ್ಲೆಯ ಕಿರುಗಾವಲಿನಲ್ಲಿ ಸೈಯದ್ ಘನಿ ಖಾನ್ ಎಂಬ ರೈತರು ತಮ್ಮ ಹೊಲದಲ್ಲಿ ನೂರಾರು ಬತ್ತದ ತಳಿಗಳನ್ನು ಬೆಳೆದು ಉಳಿಸುತ್ತ ಬಂದಿದ್ದಾರೆ. ಒಬ್ಬ ಗೃಹಸ್ಥನಿಗೆ ಸಾಧ್ಯವಾದುದು ಒಂದು ಟ್ರಸ್ಟಿಗೆ ಅಸಾಧ್ಯವಾಗಬೇಕಾಗಿಲ್ಲ. ಹಳೆಯ ತಳಿಗಳ ಮೇಲಿನ ಈ ಆಸ್ಥೆಯನ್ನು ಬರಿಯ ಭಾವುಕತೆಯೆಂದು ತಳ್ಳಿಹಾಕುವವರು ಐಇ-1012ನ್ನು ನೆನೆಯಬೇಕು. ಇಳುವರಿಯ ದೃಷ್ಟಿಯಿಂದ ಯಾರೂ ಬಿತ್ತದೆ ಭಂಡಾರದಲ್ಲಿ ಕುಳಿತಿದ್ದ ಆ ರಾಗಿಯಿಂದಲೇ ಜಿಪಿಯು-28ಕ್ಕೆ ರೋಗ ತಡೆಯುವ ಶಕ್ತಿ ಬಂದುದು; ಎಂಎಲ್-365ರ ಹೆತ್ತವರಲ್ಲಿಯೂ ಅದು ಒಂದು. ಬರಹ ಓದುವ ಯಂತ್ರ ಎಷ್ಟೇ ಚುರುಕಾಗಲಿ, ಓದಲು ಪುಸ್ತಕ ಉಳಿದಿರಬೇಕು.

ಕಮಲಾ ಬತ್ತದ ಚೀಲ ಮುಂದೊಂದು ದಿನ ಹುಲ್ಲಹಳ್ಳಿ ನಾಲೆಯ ಬಯಲಿಗೂ ಬಂದೀತು. ಎಷ್ಟು ದಿನದ ಬೆಳೆ, ಎಷ್ಟು ನೀರು, ಬೀಜ ಮಡಿಕೊಳ್ಳಬಹುದೇ ಎಂದು ರೈತ ಕೇಳುವನು. ಮೊದಲೆರಡಕ್ಕೆ ಕೃಷಿ ವಿಶ್ವವಿದ್ಯಾನಿಲಯವೂ ಸುತ್ತೂರಿನ ಕೃಷಿ ವಿಜ್ಞಾನ ಕೇಂದ್ರವೂ ಉತ್ತರ ಕೊಡಬಲ್ಲವು. ತಳಿ ಹೈಬ್ರಿಡ್ ಅಲ್ಲದ ಕಾರಣ ಮೂರನೆಯದಕ್ಕೆ ಬತ್ತದ ಕಾಳು ಹೌದೆನ್ನುತ್ತದೆ, 2001ರ ಕಾಯಿದೆಯೂ ಹೌದೆನ್ನುತ್ತದೆ. ಆದರೆ ಅಕ್ಷರ ತಿದ್ದುವ ಉಪಕರಣದ ಮೇಲೆ ವಿದೇಶಗಳ ಸಂಸ್ಥೆಗಳಿಗೆ ಪೇಟೆಂಟ್‌ಗಳಿವೆ. ಆ ಪೇಟೆಂಟ್‌ದಾರರಿಗೂ ಸರ್ಕಾರದ ಸಂಸ್ಥೆಗಳಿಗೂ ನಡುವೆ ಆಗುವ ಒಪ್ಪಂದದ ಷರತ್ತುಗಳನ್ನು, ಬೀಜ ಅಂಗಡಿಗೆ ಬರುವ ಮೊದಲೇ, ಕನ್ನಡದಲ್ಲಿ ಅಚ್ಚುಮಾಡಿ ಕೊಡಿರೆಂದು ವರ್ತಕರ ಸಂಘಗಳು ಈಗಲೇ ಬರೆದು ಕೇಳಬಹುದು.